ಕೆಂಪು ಲಾಡಿಯ ವಿಮಾ ಕಾರ್ಡು

ಕಮಲಾಪುರದ ದೇವೀಂದ್ರಪ್ಪ ತನ್ನದಲ್ಲದ ಮಿಲ್ಲಿಗೆ ಇಪ್ಪತ್ತು ವರ್ಷ ಮಾಲೀಕನಾಗಿದ್ದ. ಸುಲಭದ ಕೆಲಸವೆಂದು ಯಾರೂ ತಿಳಿಯಬಾರದು. ಖರೇ ಮಾಲೀಕನಾಗಲು ಅಪ್ಪ ಮಿಲ್ಲು ಬಿಟ್ಟು ಸತ್ತರೆ ಸಾಕು. ಸುಳ್ಳು ಮಾಲೀಕ ದಿನಾ ಬೆಳಗಾದರೆ ದುಡಿಯಬೇಕು.

ಮಿಲ್ಲು ಇರುವುದು ಕಲಬುರಗಿಯ ಆಚೆ, ಕೋಟನೂರಿನ ಕಡೆಗೆ. ತೊಗರಿ ಒಳಗೆ ಹೋಗಿ ಬೇಳೆ ಹೊರಗೆ ಬರುವ ಮಿಲ್ಲು. ಅದರ ಧಣಿ ಸುನೀಲಕುಮಾರ ಕಲಬುರಗಿ ಶಹರಿನ ಐವಾನ್-ಎ-ಶಾಹಿ ಕಡೆಯ ಬಂಗಲೆಯವನು. ಧೂಳು ಕಾರಿಗೆ ಹತ್ತುತ್ತದೆಂದು ಗೇಟಿನ ಹೊರಗೇ ನಿಂತು, ಒಳಗಿದ್ದವರ ಜೊತೆ ಫೋನಿನಲ್ಲಿ ಮಾತಾಡಿ ಹೋಗುತ್ತಿದ್ದ. ದೇವೀಂದ್ರಪ್ಪ ಅಲ್ಲಿ ಮುಕಾದಮ. ಆಳುಗಳನ್ನು ಕೂಡಿಸುವುದು, ಹಾಜರಿ ಹಾಕುವುದು, ಬೈಯುವುದು, ಶನಿವಾರ ಬಟವಡೆ ಮಾಡುವುದು ಅವನ ಕೆಲಸ. ಇದರಲ್ಲಿ ಬೈಯುವುದೊಂದನ್ನು ಅವನು ಪಗಾರ ಕೊಡದಿದ್ದರೂ ಮಾಡುತ್ತಿದ್ದ.

ಮುಕಾದಮ ಮಾಲೀಕನಾದದ್ದು ಒಂದು ಮುರುಕು ಸ್ಟೂಲಿನ ದೆಸೆಯಿಂದ. ಸ್ಟೂಲಿನ ಕಾಲು ಮುರಿದ ದಿನ ಅವನು ಸುನೀಲಕುಮಾರನ ಕುರ್ಚಿಯ ಮೇಲೆ ಕುಳಿತು ಹಾಜರಿ ಹಾಕಿದ. ಬೆಲ್ಟಿನ ಬಳಿ ಕೆಲಸ ಮಾಡುವ ಗುಂಡಣ್ಣ ಒಳಗೆ ಬಂದು ಅವನನ್ನು ನೋಡಿ, "ಏನ್ರಿ ಮಾಲೀಕರ, ಆರಾಮಾ?" ಎಂದ. ಚೇಷ್ಟೆಯೋ, ಮರ್ಯಾದೆಯೋ, ಆ ಹೊತ್ತಿಗೆ ಯಾರಿಗೂ ತಿಳಿಯಲಿಲ್ಲ. ದೇವೀಂದ್ರಪ್ಪನ ಮುಖ ಮಾತ್ರ ಎಣ್ಣೆಗೆ ಬಿದ್ದ ಪೂರಿಯ ಹಾಗೆ ಉಬ್ಬಿತು. ಸ್ಟೂಲು ರಿಪೇರಿಯಾದರೂ ಅವನು ಅದಕ್ಕೆ ಮರಳಲಿಲ್ಲ.

ಗುಂಡಣ್ಣನೂ ಕಮಲಾಪುರದವನೇ. ಬೆಳಗಿನ ಬಸ್ಸು ಇನ್ನೂ ತಿರುಗುತ್ತಿರುವಾಗಲೇ ಕಿಟಕಿಯೊಳಗೆ ಟವೆಲ್ ಒಗೆದು ಜಾಗ ಹಿಡಿಯುತ್ತಿದ್ದ. ಆ ಜಾಗದಲ್ಲಿ ದೇವೀಂದ್ರಪ್ಪ ಕುಳಿತುಕೊಳ್ಳುವುದು, ಗುಂಡಣ್ಣ ನಿಂತುಕೊಳ್ಳುವುದು. ಕಂಡಕ್ಟರನೂ ಇದನ್ನು ನೋಡಿ ಮಾಲೀಕರೆನ್ನಲು ಶುರು ಮಾಡಿದ. ಊರಿನಲ್ಲಿ ಫ್ಲೆಕ್ಸ್ ಅಂಗಡಿ ಇಟ್ಟಿದ್ದ ಹೆಂಡತಿಯ ತಮ್ಮ ಯಶವಂತ, ಮಾಮಾನ ಹುಟ್ಟಿದ ಹಬ್ಬಕ್ಕೆ ಬಸ್‌ಸ್ಟ್ಯಾಂಡಿನಲ್ಲಿ ಫ್ಲೆಕ್ಸ್ ಕಟ್ಟಿದ. ಯಾರದೋ ಸೂಟು ಹಾಕಿದ ಮೈಗೆ ದೇವೀಂದ್ರಪ್ಪನ ತಲೆ, ತಲೆಗೆ ಕಪ್ಪು ಕನ್ನಡಕ, ಕೆಳಗೆ 'ದಾಲ್ ಮಿಲ್ ಮಾಲೀಕರು, ಕಾರ್ಮಿಕರ ಕಣ್ಮಣಿ' ಎಂದು ದಪ್ಪ ಅಕ್ಷರ. ಹೆಂಡತಿ ಸೂಗಮ್ಮ ಅದನ್ನು ನೋಡಿ, ಕಣ್ಮಣಿಯವರು ಬರುವಾಗ ಸಂತೆಯಿಂದ ಉಳ್ಳಾಗಡ್ಡಿ ತರಬೇಕೆಂದು ಹೇಳಿ ಮನೆಗೆ ಹೋದಳು. ಫ್ಲೆಕ್ಸ್ ಇಳಿಸಿದ ಮೇಲೆ ಅದನ್ನು ಗುಂಡಣ್ಣ ಕೇಳಿ ಒಯ್ದ. ಮನೆಯಲ್ಲಿ ಹಾಸಲಿಕ್ಕಾಗಲಿ, ಹೊದಿಸಲಿಕ್ಕಾಗಲಿ ಬರುತ್ತದೆ ಎಂದ.

ದೇವೀಂದ್ರಪ್ಪನ ಸ್ವಭಾವದ ಒಂದು ಸಂಗತಿಯನ್ನು ಇಲ್ಲಿಯೇ ಹೇಳಬೇಕು. ಅವನಿಗೆ ಏನು ಬೈದರೂ ತಡೆದುಕೊಳ್ಳುತ್ತಿದ್ದ. ಆದರೆ ಯಾರಾದರೂ "ನಿಮಗ ಗೊತ್ತಿಲ್ಲ" ಅಂದರೆ ತಲೆ ಕೆಡುತ್ತಿತ್ತು. ತನಗೆ ಗೊತ್ತಿಲ್ಲದ ಊರಿನ ದಾರಿ ಕೇಳಿದವರಿಗೂ ಬೊಟ್ಟು ಮಾಡಿ ತೋರಿಸಿಯೇ ಕಳಿಸುವ ಮನುಷ್ಯ. ಎಷ್ಟು ಮಂದಿ ಹಾಗೆ ಹೋಗಿ ತಪ್ಪಿಸಿಕೊಂಡರೋ, ತಿರುಗಿ ಬಂದು ಹೇಳಿದವರಿಲ್ಲ.

ಬಟವಡೆಯ ದಿನ ಆಳುಗಳ ಪಗಾರದಲ್ಲಿ ಕಾರ್ಮಿಕರ ವಿಮೆಯ ಹೆಸರಲ್ಲಿ ಒಂದಿಷ್ಟು ಕಡಿಯುತ್ತಿದ್ದರು. ಕಡಿಯುತ್ತಿದ್ದದ್ದು ದೇವೀಂದ್ರಪ್ಪನ ಕೈ, ಸೇರುತ್ತಿದ್ದದ್ದು ಸುನೀಲಕುಮಾರನ ಕೈಗೆ. ಅಲ್ಲಿಂದ ಸರ್ಕಾರಕ್ಕೆ ಹೋಗುತ್ತದೆಂದು ಎಲ್ಲರ ನಂಬಿಕೆ. ಪಕ್ಕದ ಮಿಲ್ಲಿನವರಿಗೆ ವಿಮಾ ಕಾರ್ಡು ಬಂದವು, ಇವರಿಗೆ ಬರಲಿಲ್ಲ. ಸುನೀಲಕುಮಾರನನ್ನು ಕೇಳಿದರೆ, "ಕಂಪ್ಯೂಟರಿನ್ಯಾಗ ಅದ ಕಾಕಾ, ಬರ್ತದ" ಅನ್ನುತ್ತಿದ್ದ. ಎರಡು ತೊಗರಿ ಸುಗ್ಗಿ ಮುಗಿದರೂ ಅದು ಕಂಪ್ಯೂಟರಿನಿಂದ ಇಳಿಯಲಿಲ್ಲ. ಆಳುಗಳು ಪ್ರತಿ ಶನಿವಾರ ದೇವೀಂದ್ರಪ್ಪನ ಮುಂದೆ ನಿಂತು, ಮಾಲೀಕರ ನಮ್ಮ ಕಾರ್ಡೇನಾಯ್ತು ಎನ್ನತೊಡಗಿದರು. ಬೇರೆ ಮುಕಾದಮನಾಗಿದ್ದರೆ ಮಾಲೀಕರನ್ನು ಕೇಳಿ ಹೇಳುತ್ತೇನೆ ಅನ್ನುತ್ತಿದ್ದ. ದೇವೀಂದ್ರಪ್ಪ ಯಾರನ್ನು ಕೇಳಬೇಕು?

ಆತ ನೆಟ್ಟಗೆ ಯಶವಂತನ ಫ್ಲೆಕ್ಸ್ ಅಂಗಡಿಗೆ ಹೋದ.

ಅಲ್ಲಿ ತಯಾರಾದ ಕಾರ್ಡಿನಂಥ ಕಾರ್ಡು ಪಕ್ಕದ ಮಿಲ್ಲಿನವರು ಕನಸಿನಲ್ಲಿಯೂ ಕಂಡಿರಲಿಲ್ಲ. ಮೇಲೆ ಶರಣಬಸವೇಶ್ವರರ ಚಿತ್ರ, ನಡುವೆ ಆಳಿನ ಫೋಟೊ, ಕೆಳಗೆ 'ಸದರಿಯವರಿಗೆ ವಿಮೆ ಇರುತ್ತದೆ' ಎಂಬ ಸಾಲು, ಅದರಡಿ 'ದೇವೀಂದ್ರಪ್ಪ, ಮಾಲೀಕರು' ಎಂಬ ಸಹಿ. ಯಶವಂತ ಒಂದನ್ನು ಮಾಡಿ ಅದನ್ನೇ ಎಲ್ಲರಿಗೂ ತಿರುವಿದ್ದರಿಂದ ಮಿಲ್ಲಿನವರೆಲ್ಲರ ರಕ್ತದ ಗುಂಪು ಒಂದೇ ಆಗಿಹೋಯಿತು. ಸರ್ಕಾರಿ ಕಾರ್ಡಿನಲ್ಲಿ ಮೂಲೆಗೊಂದು ಕಪ್ಪು ಚುಕ್ಕಿಗಳ ಚೌಕ ಇರುತ್ತದೆ, ಅದಿಲ್ಲದಿದ್ದರೆ ಕಳೆ ಬರುವುದಿಲ್ಲ ಎಂದು ದೇವೀಂದ್ರಪ್ಪ ಹಟ ಹಿಡಿದ. ಯಶವಂತನ ಹತ್ತಿರ ಇದ್ದದ್ದು ಒಂದೇ ಚೌಕ. ಗಿರಾಕಿಗಳು ಫೋನಿನಿಂದ ರೊಕ್ಕ ಕಳಿಸಲೆಂದು ಅಂಗಡಿಯ ಗೋಡೆಗೆ ಅಂಟಿಸಿದ್ದ ಚೌಕ. ಅದನ್ನೇ ಕೂಡಿಸಿದ. ಕೊರಳಿಗೆ ಹಾಕಿಕೊಳ್ಳಲು ಕೆಂಪು ಲಾಡಿ ಪೋಣಿಸಿದ.

ಶನಿವಾರ ಕಾರ್ಡು ಹಂಚಿದಾಗ ಮಿಲ್ಲಿನಲ್ಲಿ ಹಬ್ಬವಾಯಿತು. ಗುಂಡಣ್ಣ ಅದನ್ನು ಕಣ್ಣಿಗೆ ಒತ್ತಿಕೊಂಡು, ಕೈಕಾಲು ಮುರಿದರೆ ಇನ್ನು ಸರ್ಕಾರ ನೋಡಿಕೊಳ್ಳುತ್ತದಲ್ಲ ಮಾಲೀಕರ ಎಂದು ಕೇಳಿದ. ದೇವೀಂದ್ರಪ್ಪ, "ನಾ ಇದ್ದೀನಲ್ಲೋ" ಎಂದ. ಅಂದಿನಿಂದ ಗುಂಡಣ್ಣ ಆ ಕಾರ್ಡು ಹಾಕಿಕೊಂಡೇ ಮದುವೆಗೆ ಹೋದ, ಮಣ್ಣಿಗೆ ಹೋದ. ಊಟಕ್ಕೆ ಕುಳಿತಾಗ ಮಾತ್ರ ಸಾರು ಹತ್ತಬಾರದೆಂದು ಬೆನ್ನ ಮೇಲೆ ಒಗೆದುಕೊಳ್ಳುತ್ತಿದ್ದ.

ಕಾರ್ಡು ಬಂದ ವರ್ಷವೇ ಬೆಲ್ಟು ಅವನ ಬಲಗೈಯನ್ನು ಎಳೆದುಕೊಂಡಿತು.

ದೇವೀಂದ್ರಪ್ಪ ತನ್ನ ತಲೆಯ ರುಮಾಲು ಬಿಚ್ಚಿ ಆ ಕೈಗೆ ಸುತ್ತಿ, ಆಟೋದಲ್ಲಿ ಹಾಕಿಕೊಂಡು ವಿಮಾ ಆಸ್ಪತ್ರೆಗೆ ಒಯ್ದ. ದಾರಿಯುದ್ದಕ್ಕೂ ಆಟೋದವನನ್ನು, ರಸ್ತೆಯನ್ನು, ಎದುರಿಗೆ ಬಂದ ಎಮ್ಮೆಯನ್ನು ಬೈದ. ಗುಂಡಣ್ಣ ಕೌಂಟರಿನ ಮುಂದೆ ನಿಂತು ಎಡಗೈಯಿಂದ ಕೊರಳ ಕಾರ್ಡು ಎತ್ತಿ ಹಿಡಿದ. ಅಲ್ಲಿದ್ದ ಗುಮಾಸ್ತ ತನ್ನ ಫೋನು ತೆಗೆದು ಚೌಕಕ್ಕೆ ಹಿಡಿದ. 'ಯಶವಂತ ಫ್ಲೆಕ್ಸ್, ಕಮಲಾಪುರ. ಎಷ್ಟು ಹಣ ಕಳಿಸಬೇಕು?' ಎಂದು ಫೋನು ಕೇಳಿತು.

ಗುಮಾಸ್ತನಿಗೆ ನಗು ಬಂತು. ಕೆಟ್ಟವನಲ್ಲ, ನಗು ಬಂತು ಅಷ್ಟೇ. ರಕ್ತ ನೆಲಕ್ಕೆ ಬೀಳುವುದನ್ನು ನೋಡಿ ನಿಂತಿತು. ಕಂಪ್ಯೂಟರಿನಲ್ಲಿ ಹುಡುಕಿದ. ಗುಂಡಣ್ಣನ ಹೆಸರಿಲ್ಲ, ಮಿಲ್ಲಿನ ಯಾರ ಹೆಸರೂ ಇಲ್ಲ. ಡಾಕ್ಟರು ರಕ್ತ ನಿಲ್ಲಿಸಿ, ಪಟ್ಟಿ ಕಟ್ಟಿ, ಬೇರೆ ಕಡೆ ಕರೆದೊಯ್ಯಿರಿ ಎಂದರು. ಬೇರೆ ಕಡೆಯವರು ಮುಂಗೈಯನ್ನೇ ತೆಗೆದರು. ಗುಂಡಣ್ಣನಿಗೆ ಸಕ್ಕರೆ ಕಾಯಿಲೆ, ಗಾಯ ಒಣಗಲಿಲ್ಲ. ಮೂರನೆಯ ದಿನ ಮಾತಾಡುವಷ್ಟು ಆದಾಗ ಅವನು ಹೆಂಡತಿ ತುಳಜಾಬಾಯಿಗೆ ಹೇಳಿದ್ದು ಇಷ್ಟೇ: ಕಾರ್ಡಿಗೆ ಏನೋ ಆಗಿದೆ, ಮಾಲೀಕರು ಚಾಲೂ ಮಾಡಿಸುತ್ತಾರೆ.

ಕಾರ್ಡಿನ ಸುದ್ದಿ ಗುಮಾಸ್ತನಿಂದ ವಿಮಾ ಕಚೇರಿಗೆ ಏರಿತು. ಅಲ್ಲಿಂದ ಒಬ್ಬ ಅಧಿಕಾರಿ ಮೇಡಂ ಮಿಲ್ಲಿಗೆ ಬಂದು, ಇಲ್ಲಿ ಮಾಲೀಕರು ಯಾರು ಎಂದು ಕೇಳಿದರು. ಹಮಾಲರು, ಚೀಲ ಹೊಲಿಯುವ ಹೆಣ್ಣುಮಕ್ಕಳು, ಗೇಟಿನವನು, ಎಲ್ಲರೂ ಒಂದೇ ಕಡೆಗೆ ಕೈ ಮಾಡಿದರು. ದೇವೀಂದ್ರಪ್ಪ ಏನು ಎತ್ತ ಎಂದು ಕೇಳುವ ಮೊದಲೇ ಕುರ್ಚಿಯಲ್ಲಿ ಸರಿದು ಕುಳಿತು, "ನಾನ ರೀ. ಚಾ ತರಸ್ಲೇನು?" ಎಂದ. ಮೇಡಂ ಒಂದು ಹಾಳೆ ಮುಂದಿಟ್ಟರು. ಕಾರ್ಡುಗಳ ಮೇಲೆ ಮಾಡಿ ಮಾಡಿ ಕೈ ಪಳಗಿತ್ತು. ದೇವೀಂದ್ರಪ್ಪ, ಮಾಲೀಕರು ಎಂದು ಸೊಗಸಾಗಿ ಸಹಿ ಒಗೆದ.

ಆಳುಗಳ ಪಗಾರದಿಂದ ವಿಮೆ ಕಡಿದು ಕಟ್ಟಿಲ್ಲ, ಮೇಲಾಗಿ ಸುಳ್ಳು ಕಾರ್ಡು ಹಂಚಿದ್ದಾನೆ ಎಂದು ಪೊಲೀಸರಲ್ಲಿ ಕೇಸಾಯಿತು. ದೇವೀಂದ್ರಪ್ಪ ಗಾಬರಿಯಾಗಿ ಸುನೀಲಕುಮಾರನಿಗೆ ಫೋನು ಹಚ್ಚಿದ. ಇಪ್ಪತ್ತು ವರ್ಷ ಕಾಕಾ ಕಾಕಾ ಎಂದವನು ಅಂದು, "ನನ್ನೇನ್ ಕೇಳ್ತೀರಿ ಮಾಲೀಕರ" ಎಂದ.

ಆ ಶಬ್ದ ಕೇಳಿ ದೇವೀಂದ್ರಪ್ಪನ ಮುಖ ಉಬ್ಬದೇ ಇದ್ದದ್ದು ಅದೇ ಮೊದಲು.

ಬಂಧಿಸುತ್ತಾರೆಂಬ ಸುದ್ದಿ ಅವನಿಗಿಂತ ಮುಂಚಿನ ಬಸ್ಸಿಗೇ ಕಮಲಾಪುರ ಮುಟ್ಟಿತ್ತು. ಓಣಿಯವರು ಒಬ್ಬೊಬ್ಬರಾಗಿ ಬಂದು ಧೈರ್ಯ ಹೇಳಿದರು. ಒಳಗೆ ಊಟ ಈಗ ಮೊದಲಿನ ಹಾಗಿಲ್ಲ, ಸುಧಾರಿಸಿದೆ ಎಂದ ಒಬ್ಬ. ಇನ್ನೊಬ್ಬ ತನ್ನ ಅಳಿಯ ಹೋಗಿ ಬಂದ ಮೇಲೆ ಅವನ ಬೆನ್ನುನೋವು ಹೋಯಿತೆಂದ. ಸೂಗಮ್ಮ ಅವರಿಗೆಲ್ಲ ಚಹ ಕೊಟ್ಟು, ಒಳಗೆ ಹೋಗಿ ಸೆರಗು ಬಾಯಿಗೆ ತುರುಕಿಕೊಂಡು ಅತ್ತಳು. ಕಡೆಗೆ ದಾರಿ ತೋರಿಸಿದ್ದು ಬಸ್‌ಸ್ಟ್ಯಾಂಡಿನ ಚಹದಂಗಡಿಯ ಜಹೀರುದ್ದೀನ್ ಚಾಚಾ. ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನು ಎಂಬುದೊಂದಿದೆ, ಅಂದರೆ ಹಿಡಿಯುವ ಮೊದಲೇ ಬಿಡಿಸಿಕೊಳ್ಳುವುದು ಎಂದು ಆತ ಬಿಡಿಸಿ ಹೇಳಿದ. ಹಿಡಿಯದೇ ಬಿಡುವುದು ಹೇಗೆಂದು ಅಲ್ಲಿ ಕುಳಿತವರಲ್ಲಿ ದೊಡ್ಡ ಚರ್ಚೆಯಾಯಿತು. ಅದರಲ್ಲಿ ಒಂದು ಹೊತ್ತು ಹೋಯಿತು, ಆ ಹೊತ್ತಿಗೆ ದೇವೀಂದ್ರಪ್ಪನೂ ಅಲ್ಲಿರಲಿಲ್ಲ.

ಅವನು ಯಶವಂತನ ಅಂಗಡಿಯಲ್ಲಿ ಅಡಗಿದ್ದ. ಗಿರಾಕಿಗಳಿಗೆ ಮಾದರಿ ತೋರಿಸಲು ಯಶವಂತ ಅದೇ ಹುಟ್ಟಿದ ಹಬ್ಬದ ಫ್ಲೆಕ್ಸಿನ ಇನ್ನೊಂದು ಪ್ರತಿ ಕಟ್ಟಿಗೆಯ ಚೌಕಟ್ಟಿಗೆ ಬಡಿದು ನಿಲ್ಲಿಸಿದ್ದ. ಅದರ ಹಿಂದೆ ದೇವೀಂದ್ರಪ್ಪ ಚಾಪೆ ಹಾಸಿಕೊಂಡ. ಮಧ್ಯಾಹ್ನ ಕಾನ್‌ಸ್ಟೇಬಲ್ ದತ್ತಪ್ಪ ಒಳಗೆ ಬಂದ. ಯಶವಂತನ ನಾಲಿಗೆ ಅಂಗುಳಕ್ಕೆ ಹತ್ತಿಹೋಯಿತು. ದತ್ತಪ್ಪ ಬಂದದ್ದು ತನ್ನ ಸಾಹೇಬರ ಹುಟ್ಟಿದ ಹಬ್ಬದ ಫ್ಲೆಕ್ಸ್ ಮಾಡಿಸಲು. ಎದುರಿಗಿದ್ದದ್ದನ್ನು ಸೊಂಟದ ಮೇಲೆ ಕೈಯಿಟ್ಟು ಬಹಳ ಹೊತ್ತು ನೋಡಿದ.

"ಈ ಮೈ ಛಂದ ಅದ. ಸಾಹೇಬ್ರ ತಲಿಗೆ ಇದ ಮೈ ಹಚ್ಚು," ಎಂದ. "ಇವನ ತಲಿ ಇದಕ್ಕ ಕೂಡಂಗಿಲ್ಲ."

ಹಿಂದೆ ಕುಳಿತ ದೇವೀಂದ್ರಪ್ಪನಿಗೆ ಸಿಟ್ಟು ನೆತ್ತಿಗೇರಿತು. ಎದ್ದು ಬಂದು ಕೇಳುತ್ತಿದ್ದನೋ ಏನೋ. ಜೀವದ ಆಸೆ ಕಾಲು ಹಿಡಿದು ಕೂರಿಸಿತು. ದತ್ತಪ್ಪ ಹೋದ ಮೇಲೆ ಹೊರಗೆ ಬಂದು ತನ್ನ ಚಿತ್ರವನ್ನು ತಾನೂ ನೋಡಿದ. ಕೂಡುತ್ತಿರಲಿಲ್ಲ.

ಎರಡು ದಿನದಲ್ಲಿ ಸುನೀಲಕುಮಾರನ ಫೋನು ಬಂತು. ಈಗ ಮತ್ತೆ ಕಾಕಾ ಎನ್ನುತ್ತಿದ್ದ. ತಾನೇ ವಕೀಲರನ್ನು ಗೊತ್ತು ಮಾಡಿದ್ದೇನೆ, ಹೇಳಿದಲ್ಲಿ ಸಹಿ ಮಾಡಿದರೆ ಮುಗಿಯಿತು ಎಂದ. ವಕೀಲ ಸಾಯಿಕುಮಾರ ಕೋರ್ಟಿನ ಹತ್ತಿರದ ಆಫೀಸಿನಲ್ಲಿ ಅರ್ಜಿ ಓದಿ ಹೇಳಿದ. ಕಾರ್ಡು ತನ್ನದಲ್ಲ, ಸಹಿ ತನ್ನದಲ್ಲ, ಗುಂಡಣ್ಣ ಎಂಬ ವ್ಯಕ್ತಿ ಮಿಲ್ಲಿನಲ್ಲಿ ಎಂದೂ ಕೆಲಸ ಮಾಡಿಲ್ಲ, ಅವನು ಯಾರೆಂದು ಅರ್ಜಿದಾರನಿಗೆ ಗೊತ್ತಿಲ್ಲ.

ದೇವೀಂದ್ರಪ್ಪ ಕುರ್ಚಿಯಿಂದ ಅರ್ಧ ಎದ್ದ. ಗುಂಡಣ್ಣ ತನಗೆ ಗೊತ್ತಿಲ್ಲ ಎಂದು ಬರೆದವನು ಯಾವನು ಎಂದು ಕೇಳಿದ. ಸಾಯಿಕುಮಾರ ತಣ್ಣಗೆ ತಿಳಿಸಿದ. ಗುಂಡಣ್ಣ ಮಿಲ್ಲಿನ ಆಳು ಎಂದಾದರೆ ಮಿಲ್ಲು ಅವನಿಗೆ ಜನ್ಮಪೂರ್ತಿ ಹೊಣೆ, ಕಡಿದ ವಿಮೆಗೆ ಕಡಿದವನು ಹೊಣೆ. ಆಳೇ ಅಲ್ಲ ಎಂದಾದರೆ ಯಾರೂ ಹೊಣೆಯಲ್ಲ, ನೀವು ಆರಾಮವಾಗಿ ಮನೆಗೆ ಹೋಗಬಹುದು.

"ಮತ್ತ ಅವನ ಕೈ?" ಎಂದ ದೇವೀಂದ್ರಪ್ಪ.

"ಅದು ಎಲ್ಲೆರ ಹೋಗಿರಬಹುದಲ್ರೀ," ಎಂದ ವಕೀಲ.

ದೇವೀಂದ್ರಪ್ಪ ಸಹಿ ಮಾಡಿದ. ಸೆರೆಮನೆ, ಮದುವೆಗೆ ಬಂದ ಸಣ್ಣ ಮಗಳು ತ್ರಿವೇಣಿ, ಓಣಿಯವರ ಬಾಯಿ, ಎಲ್ಲವೂ ಕಣ್ಣ ಮುಂದೆ ಬಂದವು, ಮಾಡಿದ. ಈ ಸಲ ಮಾಲೀಕರು ಎಂದು ಬರೆಯಲಿಲ್ಲ. ಮನೆಗೆ ಬಂದು ಹೇಳಿದಾಗ ಸೂಗಮ್ಮ ರೊಟ್ಟಿ ಬಡಿಯುವುದನ್ನು ನಿಲ್ಲಿಸಿ, ಗುಂಡಣ್ಣನ ಲಗ್ನದಲ್ಲಿ ಬಾಸಿಂಗ ಕಟ್ಟಿದವರು ಯಾರು ಎಂದಷ್ಟೇ ಕೇಳಿದಳು. ದೇವೀಂದ್ರಪ್ಪ ಆ ರಾತ್ರಿ ಊಟ ಬೇಡವೆಂದ. ಅವಳು ಒತ್ತಾಯ ಮಾಡಲಿಲ್ಲ.

ಇನ್ನು ಒಬ್ಬ ಜಾಮೀನುದಾರ ಬೇಕಿತ್ತು. ತನ್ನ ಹೆಸರಿನಲ್ಲಿ ಹೊಲದ ಪಹಣಿ ಇರುವ, ಇವನಿಗೆ ನಾನು ಹೊಣೆ ಎಂದು ಕೋರ್ಟಿಗೆ ಬಂದು ಹೇಳುವ ಮನುಷ್ಯ. ಅರ್ಜಿಯಲ್ಲಿ ಬರೆದದ್ದೇನೆಂದು ತಿಳಿಯದ ಯಶವಂತ ಮೋಟರ್‌ಸೈಕಲ್ ಹತ್ತಿ ಹೊರಟ. ಹಿರಿಯ ಅಳಿಯನ ಪಹಣಿ ಬ್ಯಾಂಕಿನಲ್ಲಿತ್ತು. ದೊಡ್ಡಪ್ಪನ ಮಗ ತುಳಜಾಪುರಕ್ಕೆ ಪಾದಯಾತ್ರೆ ಹೋಗಿದ್ದಾನೆಂದು ಅವನ ಹೆಂಡತಿ ಹೇಳಿದಳು. ಅವನ ಚಪ್ಪಲಿ ಬಾಗಿಲಲ್ಲೇ ಇದ್ದವು. ಬರಿಗಾಲಲ್ಲಿ ಹೋಗುವುದಾಗಿ ಹರಕೆ ಇರಬಹುದು. ಹಿಂದೆ ಫ್ಲೆಕ್ಸಿನಲ್ಲಿ 'ಶುಭ ಕೋರುವವರು' ಎಂದು ಸಾಲಾಗಿ ಹಲ್ಲು ಕಿರಿದು ನಿಂತವರ ಪೈಕಿ ಯಾರ ಫೋನೂ ಹತ್ತಲಿಲ್ಲ. ಜಹೀರುದ್ದೀನ್ ಚಾಚಾ ತಾನೇ ಬರುತ್ತೇನೆಂದ. ಆದರೆ ಅವನ ಆಸ್ತಿಯೆಂದರೆ ನಾಲ್ಕು ಗಾಲಿಯ ಚಹದ ಗಾಡಿ, ಅದರಲ್ಲೂ ಒಂದು ಗಾಲಿ ತಿರುಗುತ್ತಿರಲಿಲ್ಲ.

ಕೋರ್ಟಿನ ದಿನ ಬಂತು. ದೇವೀಂದ್ರಪ್ಪ ಬೆಳಗ್ಗೆ ಶರಣಬಸವೇಶ್ವರರ ಗುಡಿಗೆ ಹೋದ. ಕಾರ್ಡಿನ ಮೇಲೆ ಹಾಕಿಸಿದ ದೇವರು ಎದುರಿಗೇ ಇದ್ದ. ಕೈ ಮುಗಿದನೇ ಹೊರತು ಏನೂ ಬೇಡಿಕೊಳ್ಳಲು ಬಾಯಿ ಬರಲಿಲ್ಲ. ಹೊರಗೆ ಬಂದಾಗ ಯಶವಂತನ ಫೋನು ಬಂತು. ಜಾಮೀನುದಾರ ಸಿಕ್ಕಿದ್ದಾನೆ, ಎಲ್ಲ ಸರಿಯಾಗಿದೆ, ಮಾಮಾ ಚಿಂತೆ ಮಾಡಬಾರದು ಎಂದ. ಯಾರೆಂದು ಕೇಳುವಷ್ಟರಲ್ಲಿ ಮೋಟರ್‌ಸೈಕಲ್ ಗದ್ದಲದಲ್ಲಿ ಮಾತು ಹೋಯಿತು.

ಸಾಯಿಕುಮಾರ ಕೋರ್ಟಿನ ಬಾಗಿಲಲ್ಲಿ ಒಂದೇ ಒಂದು ಬುದ್ಧಿಮಾತು ಹೇಳಿದ: "ಒಳಗ ನೀವು ಬಾಯಿ ತೆರೀಬ್ಯಾಡ್ರಿ. ತೆರದ್ರ ನನಗ ಕೆಲಸಿಲ್ಲ."

ಅವರ ಸರದಿ ಬಂತು. ಸರ್ಕಾರಿ ವಕೀಲರು ಎದ್ದು ವಿರೋಧಿಸಿ ಕುಳಿತರು. ನ್ಯಾಯಾಧೀಶರು ಅರ್ಜಿ ತಿರುವಿದರು. ಅರ್ಜಿದಾರನಿಗೆ ಗಾಯಾಳು ಯಾರೆಂದೇ ಗೊತ್ತಿಲ್ಲ ಎನ್ನುತ್ತಾನೆ, ಮಿಲ್ಲಿಗೂ ಗಾಯಾಳುವಿಗೂ ಸಂಬಂಧ ತೋರಿಸುವ ಒಂದೂ ದಾಖಲೆ ಪೊಲೀಸರು ಇಟ್ಟಿಲ್ಲವಲ್ಲ ಎಂದು ತಮ್ಮಷ್ಟಕ್ಕೆ ಅಂದುಕೊಂಡರು. ಸಾಯಿಕುಮಾರನ ಮೀಸೆಯಡಿ ನಗು ಸುಳಿಯಿತು. ಜಾಮೀನುದಾರರು ಬಂದಿದ್ದಾರೆಯೇ ಎಂದು ನ್ಯಾಯಾಧೀಶರು ಕೇಳಿದರು. ತಾನಿನ್ನೂ ಅವರ ಮುಖ ನೋಡಿರದಿದ್ದರೂ, ಬಂದಿದ್ದಾರೆ ಎಂದು ಸಾಯಿಕುಮಾರ ಬಾಗಿಲ ಕಡೆ ಕೈ ಮಾಡಿದ.

ಬಾಗಿಲಿನಿಂದ ಗುಂಡಣ್ಣ ಒಳಗೆ ಬಂದ. ಮಡಿ ಮಾಡಿದ ಬಿಳಿ ಅಂಗಿ, ಕೊರಳಲ್ಲಿ ಕೆಂಪು ಲಾಡಿಯ ಕಾರ್ಡು, ಕಂಕುಳಲ್ಲಿ ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿದ ತನ್ನ ಬಾಳೆತೋಟದ ತುಂಡಿನ ಪಹಣಿ. ಮುಖ ಜ್ವರದಿಂದ ಕಪ್ಪಿಟ್ಟಿತ್ತು. ದೇವೀಂದ್ರಪ್ಪನನ್ನು ನೋಡಿ, ಬಸ್ಸಿನಲ್ಲಿ ಜಾಗ ಹಿಡಿದು ಕರೆಯುತ್ತಿದ್ದನಲ್ಲ, ಅದೇ ನಗು ನಕ್ಕ. ದೇವೀಂದ್ರಪ್ಪನಿಗೆ ನೆಲ ಬಾಯಿ ಬಿಡಬಾರದೇ ಅನ್ನಿಸಿತು. ಕೋರ್ಟಿನ ನೆಲ ಶಹಾಬಾದ್ ಕಲ್ಲಿನದು, ಗಟ್ಟಿ. ಬಿಡಲಿಲ್ಲ.

ಬೆಂಚ್ ಗುಮಾಸ್ತ ಪ್ರಮಾಣ ಮಾಡಿಸಲು ಬಲಗೈ ಎತ್ತು ಎಂದ.

"ಅದು ಇಲ್ರೀ ಸಾಹೇಬ್ರ," ಎಂದು ಗುಂಡಣ್ಣ ಬಟ್ಟೆ ಸುತ್ತಿದ ಮೊಂಡಗೈ ತೋರಿಸಿದ. "ಮಿಲ್ಲಿನ್ಯಾಗ ಹೋಯ್ತು. ಎಡಗೈ ನಡೀತದೇನ್ರಿ?"

ನ್ಯಾಯಾಧೀಶರು ಕಾಗದದಿಂದ ತಲೆ ಎತ್ತಿದರು. ಹೆಸರು ಕೇಳಿದರು. ಗುಂಡಣ್ಣ ಅಪ್ಪನ ಹೆಸರು, ಊರಿನ ಹೆಸರು ಸಮೇತ ಹೇಳಿದ. ಸಾಯಿಕುಮಾರ ತನ್ನ ಪೆನ್ನು ಕೆಳಗೆ ಬೀಳಿಸಿ, ಅದನ್ನು ಹುಡುಕಲು ಮೇಜಿನ ಕೆಳಗೆ ಹೋದವನು ಬೇಗ ಮೇಲೆ ಬರಲಿಲ್ಲ.

"ಈ ಅರ್ಜಿದಾರರು ನ್ಯಾಯಾಲಯಕ್ಕೆ ಬರೆದುಕೊಟ್ಟಿದ್ದಾರೆ, ಗುಂಡಣ್ಣ ಎಂಬವರು ಯಾರೋ ತಮಗೆ ಗೊತ್ತಿಲ್ಲ ಎಂದು," ನ್ಯಾಯಾಧೀಶರು ಮೆಲ್ಲನೆ ಹೇಳಿದರು. "ನೀವು ಇವರಿಗೆ ಜಾಮೀನು ನಿಲ್ಲಲು ಬಂದಿದ್ದೀರಿ. ನಿಮಗೆ ಇವರು ಗೊತ್ತೇ?"

ಗುಂಡಣ್ಣ ದೇವೀಂದ್ರಪ್ಪನ ಕಡೆ ತಿರುಗಿದ. ಇಪ್ಪತ್ತು ವರ್ಷ ಎಲ್ಲದಕ್ಕೂ ಹಾಗೆ ತಿರುಗಿ ಹುಕುಂ ಕೇಳಿದವನು. ಈ ಮುಖದಲ್ಲಿ ಹುಕುಂ ಇರಲಿಲ್ಲ. ಬೆವರಿತ್ತು. ಗುಂಡಣ್ಣ ಅದನ್ನು ನೋಡಿದ, ಮೇಜಿನಡಿಯ ವಕೀಲನನ್ನು ನೋಡಿದ, ಅವನಿಗೆ ತಿಳಿಯಬೇಕಾದದ್ದು ತಿಳಿಯಿತು. ಕಣ್ಣು ಒಂದು ಕ್ಷಣ ಕೆಳಗೆ ಹೋದವು.

"ನನಗ ಅವರು ಗೊತ್ತರೀ," ಎಂದ. "ಅವರಿಗೆ ನಾ ಗೊತ್ತಿಲ್ಲ. ಮಾಲೀಕರ ಮಾರಿ ಎಲ್ಲಾರಿಗೂ ನೆಪ್ಪಿರ್ತದ. ಆಳಿನ ಮಾರಿ ಮಾಲೀಕರಿಗೆ ಎಲ್ಲಿ ನೆಪ್ಪಿರ್ತದ್ರಿ."

ಸಾಯಿಕುಮಾರ ಪೆನ್ನು ಸಿಕ್ಕ ಉತ್ಸಾಹದಲ್ಲಿ ಮೇಲೆ ಬಂದು, ಇದನ್ನು ದಯವಿಟ್ಟು ದಾಖಲಿಸಬೇಕು ಎಂದ. ಅರ್ಜಿ ಬದುಕಿತ್ತು. ಇನ್ನೊಂದು ನಿಮಿಷ ಬಾಯಿ ಮುಚ್ಚಿ ನಿಂತಿದ್ದರೆ ದೇವೀಂದ್ರಪ್ಪ ಮನೆಗೆ ಹೋಗಿ ಊಟ ಮಾಡಬಹುದಿತ್ತು. ಆದರೆ ಆ ಮಾತು ಅವನ ಕಿವಿಯಲ್ಲಿ ಕೂತಿತ್ತು. ಅವರಿಗೆ ಗೊತ್ತಿಲ್ಲ. ಅದನ್ನು ಹೇಳಿದವನು ಬೇರೆ ಯಾರೂ ಅಲ್ಲ, ಗುಂಡಣ್ಣ.

"ಏ ಗುಂಡ್ಯಾ," ಎಂದು ಅವನು ಮಿಲ್ಲಿನ ಸದ್ದಿನ ಮೇಲೆ ಕೇಳಿಸುವ ದನಿಯಲ್ಲಿ ಗುಡುಗಿದ. ಕಿಟಕಿಯ ಪಾರಿವಾಳಗಳು ಹಾರಿದವು. "ಯಾರಿಗ್ ಗೊತ್ತಿಲ್ಲೋ? ಇಪ್ಪತ್ತು ವರ್ಷ ನಿನ್ನ ಹಾಜರಿ ಹಾಕೇನಿ. ನಿನ್ನ ಲಗ್ನದಾಗ ಬಾಸಿಂಗ ಕಟ್ಟೇನಿ. ನಿನ್ನ ಕೈ ನನ್ನ ರುಮಾಲಿನ್ಯಾಗ ಕಟ್ಕೊಂಡು ಹೋಗೇನಿ. ನೀ ನನಗ ಗೊತ್ತಿಲ್ಲಂತ ಹೇಳಾಕ ನೀ ಯಾವನೋ?"

ಸಾಯಿಕುಮಾರ ತನ್ನ ಕಡತಕ್ಕೆ ದಾರ ಸುತ್ತತೊಡಗಿದ.

ನ್ಯಾಯಾಧೀಶರು ಇದನ್ನು ಬರೆದುಕೊಳ್ಳಿ ಎಂದರು. ಆಮೇಲೆ ಒಂದೊಂದೇ ಕೇಳಿದರು. ಎಲ್ಲಿ ಕೈ ಹೋಯಿತು? ಮಿಲ್ಲಿನ ಬೆಲ್ಟಿನಲ್ಲಿ. ವಿಮೆ ಕಡಿದವರು ಯಾರು? ನಾನೇ. ಯಾರ ಕೈಗೆ ಕೊಟ್ಟಿರಿ? ಸುನೀಲಕುಮಾರ ಸಾಹೇಬರ ಕೈಗೆ. ಹಾಗಾದರೆ ನೀವು ಮಾಲೀಕರಲ್ಲವೇ?

ದೇವೀಂದ್ರಪ್ಪನ ತುಟಿ ಅಲುಗಿದವು. ಗುಮಾಸ್ತ ಕೇಳಿಸಲಿಲ್ಲ, ಜೋರಾಗಿ ಹೇಳಿ ಎಂದ. ಗುಂಡಣ್ಣ ಪಕ್ಕದಲ್ಲೇ ನಿಂತಿದ್ದ.

"ಮುಕಾದಮ ರೀ," ಎಂದ ದೇವೀಂದ್ರಪ್ಪ. ಜೀವನದಲ್ಲಿ ಅವನು ಅಷ್ಟು ಸಣ್ಣ ದನಿಯಲ್ಲಿ ಜೋರಾಗಿ ಹೇಳಿದ್ದು ಬೇರೊಂದಿಲ್ಲ.

ಸುಳ್ಳು ಬರೆದುಕೊಟ್ಟು ರಕ್ಷಣೆ ಕೇಳಿದವನಿಗೆ ರಕ್ಷಣೆ ಇಲ್ಲವೆಂದು ಅರ್ಜಿ ವಜಾ ಆಯಿತು. ಕೋರ್ಟಿನ ಗೇಟಿನಲ್ಲಿ ಕಾನ್‌ಸ್ಟೇಬಲ್ ದತ್ತಪ್ಪ ನಿಂತಿದ್ದ. ಮುಖ ಎಲ್ಲಿಯೋ ನೋಡಿದ ಹಾಗಿದೆಯಲ್ಲ ಎಂದು ಯೋಚಿಸಿ, ಫ್ಲೆಕ್ಸಿನಲ್ಲಿ ಬೇರೆ ಕಾಣುತ್ತಿದ್ದಿರಿ ಎಂದ. ಗುಂಡಣ್ಣ ಜೀಪಿನ ತನಕ ಹಿಂದೆ ಹಿಂದೆ ಬಂದ. ಈ ಪಹಣಿ ಇಲ್ಲಿ ಕೊಟ್ಟರೆ ನಡೆಯುತ್ತದೇನು ಎಂದು ದತ್ತಪ್ಪನನ್ನು ಕೇಳಿದ, ಜೀಪಿನ ಡ್ರೈವರನನ್ನು ಕೇಳಿದ. ಯಾರೂ ತೆಗೆದುಕೊಳ್ಳಲಿಲ್ಲ. ಜೀಪು ಹೊರಟಾಗ ಎಡಗೈಯಲ್ಲಿ ಪ್ಲಾಸ್ಟಿಕ್ ಚೀಲ ಹಿಡಿದು, ಬಸ್ಸು ತಪ್ಪಿದವನ ಹಾಗೆ ನಿಂತಿದ್ದ.

ಸುನೀಲಕುಮಾರನ ಮೇಲೂ ಕೇಸಾಯಿತು. ಅವನಿಗೆ ನಿರೀಕ್ಷಣಾ ಜಾಮೀನು ಸಿಕ್ಕಿತು. ಅವನ ಜಾಮೀನುದಾರರು ಬಾಗಿಲಲ್ಲಿ ಸಾಲು ಹಚ್ಚಿದ್ದರಂತೆ. ದೇವೀಂದ್ರಪ್ಪ ಹೊರಗೆ ಬರುವ ಹೊತ್ತಿಗೆ ತೊಗರಿ ಹೂಬಿಟ್ಟಿತ್ತು. ಕೋರ್ಟಿನಲ್ಲಿ ಅವನು ಬೈದದ್ದೇ ದಾಖಲೆಯಾಗಿ, ಗುಂಡಣ್ಣ ಮಿಲ್ಲಿನ ಆಳು ಎಂದು ವಿಮಾ ಕಚೇರಿ ಒಪ್ಪಿತ್ತು. ತಿಂಗಳು ತಿಂಗಳು ಪೆನ್ಷನ್ ಮಂಜೂರಾಗಿತ್ತು. ಆದರೆ ಅದು ಬಂದದ್ದು ತುಳಜಾಬಾಯಿಯ ಹೆಸರಿಗೆ. ಮೊಂಡಗೈಯ ನಂಜು ಮೇಲೇರಿ, ಗುಂಡಣ್ಣ ದೀಪಾವಳಿಗೆ ಮೊದಲೇ ತೀರಿಕೊಂಡಿದ್ದ.

ದೇವೀಂದ್ರಪ್ಪ ಅವರ ಮನೆಗೆ ಹೋಗಲು ಬಹಳ ದಿನ ಧೈರ್ಯ ಮಾಡಲಿಲ್ಲ. ಕಡೆಗೆ ಸೂಗಮ್ಮನೇ ಹೊರಡಿಸಿ ಕಳಿಸಿದಳು. ತುಳಜಾಬಾಯಿ ಅಂಗಳದಲ್ಲಿ ಮೆಣಸಿನಕಾಯಿ ಒಣಗಿಸುತ್ತಿದ್ದಳು. ಹಾಸಿದ್ದು ಹಳೆಯ ಫ್ಲೆಕ್ಸ್. ಸೂಟಿನ ಮೇಲೆ, ಕಣ್ಮಣಿ ಎಂಬ ಅಕ್ಷರದ ಮೇಲೆ, ಶುಭ ಕೋರಿದವರ ಹಲ್ಲಿನ ಮೇಲೆ ಕೆಂಪಗೆ ಹರವಿತ್ತು. ನಡುವೆ ಒಂದು ತಲೆಯಷ್ಟು ಜಾಗ ಮಾತ್ರ ಖಾಲಿ. ಅಲ್ಲಿಂದ ಕಪ್ಪು ಕನ್ನಡಕದ ದೇವೀಂದ್ರಪ್ಪ ಆಕಾಶ ನೋಡುತ್ತಿದ್ದ.

"ಬರ್ರಿ ಮಾಲೀಕರ," ಎಂದು ಅವಳು ಚಾಪೆ ಹಾಸಿದಳು. ಅವನು ನೋಡುತ್ತಿದ್ದುದನ್ನು ಕಂಡು ಹೇಳಿದಳು, "ನಿಮ್ಮ ಮಾರಿ ಮ್ಯಾಲ ಮೆಣಸಿನಕಾಯಿ ಹಾಕಬಾರ್ದಂತ ಅವರು ಹೇಳಿದ್ರು. ಅದಕ್ಕ ಬಿಟ್ಟೀನ್ರಿ."

ದೇವೀಂದ್ರಪ್ಪ ಚಾಪೆಯ ಮೇಲೆ ಕೂರಲಿಲ್ಲ. ನೆಲದ ಮೇಲೆ ಕುಕ್ಕರಗಾಲಲ್ಲಿ ಕುಳಿತು, ಒಂದು ಹಿಡಿ ಮೆಣಸಿನಕಾಯಿ ತೆಗೆದು ತನ್ನ ಮುಖದ ಮೇಲೆ ಹರವಿದ. ಇನ್ನೊಂದು ಹಿಡಿ ತೆಗೆದ.

"ಹಾಂಗ ಕರೀಬ್ಯಾಡ ತಂಗಿ. ನಾ ಮಾಲೀಕ ಅಲ್ಲ."

"ನಿಮಗ ಗೊತ್ತಿಲ್ಲ ಬಿಡ್ರಿ," ಎಂದಳು ತುಳಜಾಬಾಯಿ. ಆ ಮಾತಿಗೆ ಅವನಿಗೆ ಸಿಟ್ಟು ಬರಲಿಲ್ಲ. "ಅವರಿಗೆ ಮೊದಲಿಂದ ಗೊತ್ತಿತ್ತು. ಹಾಂಗ ಕರದ್ರ ನಿಮ್ಮ ಮಾರಿ ಅರಳ್ತದ, ಒಂದು ಬೈಗುಳ ಕಡಿಮಿ ಆಗ್ತದಂತ ಕರೀತಿದ್ರು. ಮನ್ಯಾಗ ಹೇಳಿ ನಗ್ತಿದ್ರು."

ಅವಳು ಬಾಗಿ ಮೆಣಸಿನಕಾಯಿಯಲ್ಲಿ ಕೈಯಾಡಿಸುತ್ತ, ಅವನ ಕಡೆ ನೋಡದೆ ಹೇಳಿದಳು:

"ಕಾರ್ಡು ಮಾತ್ರ ಖರೇ ಅಂತ ತಿಳ್ಕೊಂಡಿದ್ರು."